ಸಿಟ್ಟಾಗದ ವಾದ್ಯ

ಗ್ಲೆನಿಟಾಳ ತಾಯಿಯನ್ನು ಮಣ್ಣು ಮಾಡಿ ಬಂದವರ ಮುಂದೆ ಅವಳ ತಂದೆ ಮತ್ತೆ ಅದನ್ನೇ ಹೇಳಿದರು: "ನಾನು ಎಷ್ಟು ಕುಡಿದು ಬಂದರೂ ಅವಳು ಒಂದು ದಿನವೂ ಸಿಟ್ಟಾದವಳಲ್ಲ. ಅವಳಷ್ಟಕ್ಕೆ ಹಾರ್ಪ್ಸಿಕಾರ್ಡ್ ನುಡಿಸ್ತಾ ಕೂರ್ತಿದ್ದಳು."

ಗ್ಲೆನಿಟಾಳಿಗೆ ಮೈ ಉರಿದುಹೋಯಿತು. ಎದ್ದು ಹೋಗಿ, ನೋಡಲು ಪಿಯಾನೊದಂತೆಯೇ ಇದ್ದ ಆ ವಾದ್ಯದ ಒಂದು ಕೀಯನ್ನು ಮೆಲ್ಲಗೆ ಒತ್ತಿದಳು. ಆಮೇಲೆ ಅದನ್ನೇ ಬೆರಳು ನೋಯುವಂತೆ ಕುಟ್ಟಿದಳು. ಎರಡು ಸಲವೂ ಅದೇ ಸಣ್ಣ, ಇಂಪಾದ ದನಿ.

"ಪಿಯಾನೊದಲ್ಲಿ ಸುತ್ತಿಗೆ ತಂತಿಗೆ ಬಡೀತದೆ ಪಪ್ಪಾ. ಸಿಟ್ಟಲ್ಲಿ ಕುಟ್ಟಿದರೆ ಮನೆಯಿಡೀ ಕೇಳ್ತದೆ. ಇದು ತಂತಿಯನ್ನು ಮೀಟುವುದು ಮಾತ್ರ, ಎಷ್ಟು ಕುಟ್ಟಿದರೂ ಇಷ್ಟೇ. ಮಮ್ಮಿ ತನ್ನ ಪಿಯಾನೊ ಕೊಟ್ಟು ಇದನ್ನು ತಂದದ್ದು ಯಾವಾಗ?"

ತಂದೆ ತಲೆ ತಗ್ಗಿಸಿದರು.

"ಮದುವೆಯಾದ ಮರುವಾರ."