ಎಡ ಭುಜದ ಅಳತೆ

ಸ್ವೀಟಿ ಹೊಸ ಜಾಕೆಟ್ಟನ್ನು ಮಡಚಿ, ಎರಡು ಭುಜಗಳನ್ನೂ ಜೋಡಿಸಿ ನೋಡಿದಳು. ಎಡಗಡೆಯದು ಸರಿಯಾಗಿ ಅರ್ಧ ಇಂಚು ಕೆಳಗಿತ್ತು. ನಾಳೆ ಸಂಜೆ ಯಾದವಗಿರಿಯಲ್ಲಿ ಅವಳ ಕಲಾಪ್ರದರ್ಶನ. ಅವಳು ಇದನ್ನು ತೊಟ್ಟು ನಿಂತರೆ ಒಳಗಿನ ಸೆನ್ಸರುಗಳು ಅವಳ ಉಸಿರು, ಅಲುಗಾಟ ಎಲ್ಲವನ್ನೂ ಹಿಡಿದು ಗೋಡೆಯ ತುಂಬ ಅವಳದೇ ದೇಹವನ್ನು ಬೆಳಕಿನಲ್ಲಿ ಬಿಡಿಸಬೇಕು. ಅದಕ್ಕೆ 'ಇದೇ ನಾನು' ಎಂದು ಹೆಸರಿಟ್ಟು, ಆಹ್ವಾನವನ್ನೂ ಊರಿಗೆಲ್ಲ ಹಂಚಿಯಾಗಿತ್ತು. ಮೂರು ವರ್ಷದ ಕೆಲಸ ಅರ್ಧ ಇಂಚಿನಲ್ಲಿ ಕೆಟ್ಟುಹೋಯಿತಲ್ಲ ಎಂದು ಅವಳಿಗೆ ಅಳುವೇ ಬಂತು.

"ಮೇರಿ ಆಂಟಿ, ಕಂಪ್ಯೂಟರ್ ಅಳತೆ ಕೊಟ್ಟಿದ್ನಲ್ಲ. ಅದ್ರಲ್ಲಿ ಎರಡೂ ಭುಜ ಒಂದೇ ಸಮ ಇತ್ತು."

ಆರೋಗ್ಯಮೇರಿ ಹೊಲಿಗೆ ನಿಲ್ಲಿಸಲಿಲ್ಲ. ಚಿಕ್ಕಂದಿನಲ್ಲಿ ಚರ್ಚಿನಲ್ಲಿ ಮೊದಲ ಪರಮಪ್ರಸಾದ ಪಡೆದ ದಿನದ ಬಿಳಿ ಫ್ರಾಕಿನಿಂದ ಹಿಡಿದು ಸ್ವೀಟಿಯ ಬಟ್ಟೆಗಳೆಲ್ಲ ಸಿದ್ಧವಾದದ್ದು ಮಂಡಿ ಮೊಹಲ್ಲಾದ ಈ ಕಿಷ್ಕಿಂಧೆಯಂಥ ಅಂಗಡಿಯಲ್ಲೇ.

"ನೋಡ್ದೆ ಕಣಮ್ಮ. ಅದು ಯಾರದೋ ಅಳತೆ. ನಿಂದಲ್ಲ."

"ನನ್ನ ಮೈಯನ್ನೇ ಸ್ಕ್ಯಾನ್ ಮಾಡಿದ್ದು ಆಂಟಿ."

"ಇರ್ಬೋದು. ನಿನ್ನ ಎಡ ಭುಜ ಮೊದಲಿಂದ್ಲೂ ಚೂರು ಕೆಳಗೆ. ನಿನ್ನ ಬಟ್ಟೆಗೆಲ್ಲ ಆ ಕಡೆ ಒಳಗೆ ಒಂದು ಪದರ ಹತ್ತಿ ಇಟ್ಟು ಹೊಲೀತಿದ್ದೆ. ಈ ಸಲ ತಂತಿ ಮೈಗೇ ತಾಗ್ಬೇಕು ಅಂದೆ. ಹತ್ತಿಗೆ ಜಾಗ ಎಲ್ಲಿ? ಇದ್ದಂಗೇ ಕತ್ತರಿಸ್ಬುಟ್ಟೆ."

ಕೆಲಸ ಬೇಗ ಮುಗಿಯಲಿ ಎಂದು ತಾನು ಮೈಯ ಬಲಭಾಗವನ್ನಷ್ಟೇ ಸ್ಕ್ಯಾನ್ ಮಾಡಿ, ಅದನ್ನೇ ತಿರುಗಿಸಿ ಎಡಕ್ಕೂ ಅಂಟಿಸಿದ್ದು ಆಗ ಸ್ವೀಟಿಗೆ ನೆನಪಾಯಿತು. ದೇಹದ ಬಗ್ಗೆ ಊರೂರು ಸುತ್ತಿ ಭಾಷಣ ಮಾಡಿದವಳು ತನ್ನ ಅರ್ಧ ದೇಹವನ್ನು ನೋಡಿಯೇ ಇರಲಿಲ್ಲ. ಕಂಪ್ಯೂಟರ್ ಅಳತೆಯಲ್ಲಿ ತಾನೇ ಹೊಲಿದ ಮಾದರಿ ಜಾಕೆಟ್ಟಿನಲ್ಲಿ ಎಡ ಭುಜದ ಸೆನ್ಸರ್ ಯಾವತ್ತೂ ಕೆಲಸ ಮಾಡಿರಲಿಲ್ಲ. ಅದು ಮೈಗೆ ತಾಗುತ್ತಲೇ ಇರಲಿಲ್ಲ ಎಂದು ತಿಳಿಯದೆ ಅವಳು ತಂತಿಯನ್ನು ಬೈದುಕೊಂಡು ಹತ್ತು ಸಲ ಬದಲಿಸಿದ್ದಳು.

ಪರದೆಯ ಹಿಂದೆ ಹೋಗಿ ಜಾಕೆಟ್ ತೊಟ್ಟಳು. ಫೋನಿನಲ್ಲಿ ಹನ್ನೆರಡು ಸೆನ್ಸರುಗಳ ಚುಕ್ಕೆಗಳೂ ಹಸಿರಾದವು. ಕನ್ನಡಿಯಲ್ಲಿ ಎಡ ಭುಜ ತನ್ನ ಪಾಡಿಗೆ ತಾನು ಇಳಿದು ಕೂತಿತ್ತು. ಬೇಸರವಾಗಬೇಕಿತ್ತು, ಆಗಲಿಲ್ಲ, ಬಹಳ ದಿನದ ಮೇಲೆ ನಂಟರೊಬ್ಬರು ಮನೆಗೆ ಬಂದಷ್ಟು ಹಿತವಾಯಿತು.

"ಇಷ್ಟು ವರ್ಷ ನಂಗ್ಯಾಕೆ ಹೇಳ್ಲಿಲ್ಲ?"

"ನಿಮ್ಮಮ್ಮ ಬೇಡ ಅಂದಿದ್ರು. ಆಮೇಲೆ, ಬಟ್ಟೆ ಚೆನ್ನಾಗಿ ಕೂತ್ರೆ ಸಾಕಲ್ವಾ ಅಂತ ನಾನೂ ಸುಮ್ನಾದೆ."

ಮರುದಿನ ಸಂಜೆ ಗೋಡೆಯ ತುಂಬ ಸ್ವೀಟಿ ಬೆಳಕಾಗಿ ನಿಂತಳು, ಒಂದು ಭುಜ ಮೇಲೆ, ಒಂದು ಕೆಳಗೆ. ಜನ ಉಸಿರು ಬಿಗಿಹಿಡಿದು ನೋಡಿದರು. ಕೊನೆಗೆ ಮುಂದಿದ್ದ ಕನ್ನಡಕದವರೊಬ್ಬರು ಪಕ್ಕದಲ್ಲಿ ರೇಷ್ಮೆ ಸೀರೆಯುಟ್ಟು ನಿಂತಿದ್ದ ಆರೋಗ್ಯಮೇರಿಗೆ ಹೇಳಿದರು: "ಎಡ ಭುಜ ಇಳಿದಿದೆ ನೋಡಿ. ಮೆಷೀನ್ ಏನೋ ತಪ್ಪು ತೋರಿಸ್ತಿದೆ."

"ಮೆಷೀನ್ ಸರಿಯಾಗೇ ಇದೆ ಕಣ್ರೀ," ಎಂದರು ಆರೋಗ್ಯಮೇರಿ. "ಇಷ್ಟು ವರ್ಷ ಸುಳ್ಳು ಹೊಲಿದೋಳು ನಾನು."

ಅದು ಕಿವಿಗೆ ಬಿದ್ದು ಸ್ವೀಟಿಗೆ ನಗು ತಡೆಯಲಾಗಲಿಲ್ಲ. ಗೋಡೆಯ ಮೇಲೆ ಏರುಪೇರಾದ ಆ ಎರಡು ಭುಜಗಳೂ ಒಟ್ಟಿಗೇ ಕುಲುಕಿದವು.