ಹನ್ನೊಂದನೇ ಅಂಗಿಯ ಎದೆ

ಫುಟ್‌ಬಾಲ್ ಲೀಗ್ ಪಂದ್ಯವಿದ್ದಾಗ ರುದ್ರವ್ವ ಹಿಟ್ಟಿನ ಗಿರಣಿ ನಿಲ್ಲಿಸುತ್ತಾಳೆ. ಆ ಸದ್ದಿನಲ್ಲಿ ರೇಡಿಯೊದೊಳಗಿನ ಎದೆಬಡಿತ ಕೇಳಿಸುವುದಿಲ್ಲ. ಗುಂಡಿಯನ್ನು ಯಾವ ಆಟಗಾರನ ಅಂಗಿಯ ಸಂಖ್ಯೆಗೆ ತಿರುಗಿಸಿದರೂ ವಿವರಣೆಯ ಜೊತೆಗೆ ಅವನ ಎದೆ ಬಡಿಯುತ್ತದೆ. ಅವಳ ರೇಡಿಯೊ ಯಾವಾಗಲೂ ಹನ್ನೊಂದರಲ್ಲೇ. ಅದು ಅವಳ ಮಗ ಈರಣ್ಣ.

"ಕೊನೆಯ ನಿಮಿಷ, ಪೆನಾಲ್ಟಿ! ಒದೆಯುವವನು ಈರಣ್ಣ!"

ಹಿಟ್ಟಿಗೆ ಬಂದವರೆಲ್ಲ ರೂಢಿಯಂತೆ ರೇಡಿಯೊದ ಮೇಲೆ ಒಂದೊಂದು ಬೆರಳಿಟ್ಟರು. ಪೆನಾಲ್ಟಿ ಎಂದರೆ ಈರಣ್ಣನ ಎದೆ ಡೊಳ್ಳು ಬಾರಿಸಿದಂತೆ ಬಡಿಯಬೇಕು. ಇವತ್ತು ಅದು ಮಲಗಿದವನ ಎದೆಯಂತೆ ನಿಧಾನವಾಗಿತ್ತು.

"ಯಕ್ಕಾ, ನಿನ್ನ ಮಗಗ ಅಂಜಿಕಿನ ಹೋಗೇತಿ ನೋಡು!" ಪಕ್ಕದ ಮನೆಯ ಮೆಹಬೂಬ ನಕ್ಕ.

ರುದ್ರವ್ವ ನಗಲಿಲ್ಲ. ಗುಂಡಿಯನ್ನು ಎದುರಾಳಿ ಗೋಲ್‌ಕೀಪರನ ಸಂಖ್ಯೆಗೆ ತಿರುಗಿಸಿದಳು.

ಅವನ ಎದೆಯೂ ಅಷ್ಟೇ ನಿಧಾನವಾಗಿ ಬಡಿಯುತ್ತಿತ್ತು.

"ಚೆಂಡು ಯಾ ಕಡೆ ಬರ್ತೇತಂತ ಇವಗ ಮೊದಲ ಗೊತ್ತೇತೇನ?" ಮೆಹಬೂಬ ಕೇಳಿದ. ಒಬ್ಬೊಬ್ಬರಾಗಿ ಎಲ್ಲರೂ ಬೆರಳು ತೆಗೆದರು.

"ಈರಣ್ಣ ಓಡಿ ಬರುತ್ತಿದ್ದಾನೆ..." ಎಂದಿತು ರೇಡಿಯೊ.

ರುದ್ರವ್ವ ಎದ್ದು ಗಿರಣಿ ಚಾಲು ಮಾಡಿದಳು. ಒಳಗೆ ಒಂದು ಕಾಳೂ ಇರಲಿಲ್ಲ. ಕಲ್ಲು ಕಲ್ಲನ್ನೇ ಅರೆಯುತ್ತಿತ್ತು.