ಗಡ್ಡದ ಮಾವನ ಸಾವು

ಬೆಳಗ್ಗೆ ಒಂಬತ್ತು ಗಂಟೆಗೆ ಗಡ್ಡದ ಮಾವನಿಗೆ ಖಾತ್ರಿಯಾಯಿತು: ಧಾರಾವಾಹಿಯವರು ತನ್ನನ್ನು ಕೊಲ್ಲುತ್ತಾರೆ.

ಗಡ್ಡದ ಮಾವ ಎಂಬುದು ಪಾತ್ರದ ಹೆಸರು. ನಟನ ಹೆಸರು ಯಾರಿಗೂ ಬೇಕಿರಲಿಲ್ಲ. ಬಸ್ಸಿನಲ್ಲಿ ಜನ ಗುರುತು ಹಿಡಿದು, "ನೀವು ಅವರಲ್ವಾ, ಅದೇ..." ಎಂದು ಅಲ್ಲಿಗೇ ನಿಲ್ಲಿಸುತ್ತಿದ್ದರು. ಇಪ್ಪತ್ತು ವರ್ಷ ಸಿನಿಮಾಗಳಲ್ಲಿ ಮಧ್ಯಂತರಕ್ಕೆ ಮುಂಚೆಯೇ ಸತ್ತಿದ್ದ. ಗುಂಡು, ಲಾರಿ, ಬಾವಿ, ಯಾವುದೂ ಬಾಕಿಯಿರಲಿಲ್ಲ. ಈ ಧಾರಾವಾಹಿಯಲ್ಲಿ ಮಾತ್ರ ಮೂರು ವರ್ಷ ಬದುಕಿದ್ದ. ನಾಯಕಿಯ ಹಿಂದೆ ನಿಂತು "ಹೌದಮ್ಮ" ಎನ್ನುವುದಷ್ಟೇ ಕೆಲಸ. ನಕಲಿ ಗಡ್ಡದ ಅಂಟು ತಾಗಿದರೆ ಮುಖ ಊದಿಕೊಳ್ಳುತ್ತಿತ್ತು. ಹಾಗಾಗಿ ಗಡ್ಡವನ್ನು ಸ್ವಂತವಾಗಿಯೇ ಬೆಳೆಸಿದ್ದ.

ಸುಳಿವು ಮೊದಲು ಸಿಕ್ಕಿದ್ದು ಬಟ್ಟೆಯವನಿಂದ. ಎಲ್ಲರ ಅಳತೆ ತೆಗೆದವನು ಇವನ ಬಳಿ ಬಂದು, "ನಿಮಗೆ ಬೇಡ ಸಾರ್," ಎಂದು ಟೇಪು ಸುತ್ತಿಕೊಂಡ. ಈ ಕಸುಬಿನಲ್ಲಿ ಸಾವು ಕಥೆಗಾರನಿಗಿಂತ ಮೊದಲು ದರ್ಜಿಗೆ ತಿಳಿಯುತ್ತದೆ. ಮರುದಿನ ಛಾಯಾಗ್ರಾಹಕ ಇವನೊಬ್ಬನನ್ನೇ ಗೋಡೆಗೆ ಒರಗಿಸಿ, "ನಗಬೇಡಿ," ಎಂದ. ಪೋಷಕ ನಟನ ಒಂಟಿ ಫೋಟೊ ಹೋಗುವುದು ಎಲ್ಲಿಗೆ? ಹಾರ ಹಾಕುವ ಚೌಕಟ್ಟಿಗೆ. ಇವತ್ತು ಚಹಾ ಎಲ್ಲರಿಗಿಂತ ಮೊದಲು ಇವನಿಗೇ ಬಂತು, ಬಿಸ್ಕತ್ತಿನ ಸಮೇತ.

"ನಿನಗೇನು ಅನ್ಸುತ್ತೋ?" ಮೇಕಪ್ ಕೋಣೆಯಲ್ಲಿ ಭಾವಮೈದನನ್ನು ಕೇಳಿದ.

ಹೆಂಡತಿಯ ತಮ್ಮ. ಅವನೂ ನಟನೇ, ಆದರೆ ವರ್ಷದಿಂದ ಕೆಲಸವಿಲ್ಲ. ಮನೆ ಭಾವನದು, ಮೈಮೇಲಿನ ಅಂಗಿ ಭಾವನದು. ಇನ್ನು ಯಾರಿಗೆ ತೋರಿಸಬೇಕೆಂದು ಗಡ್ಡ ಬೋಳಿಸದೆ ಮುಖವನ್ನು ಪೊದೆ ಮಾಡಿಕೊಂಡಿದ್ದ. ಭಾವನ ಫೋನು ಎತ್ತುವುದು, ಮನೆಯಲ್ಲಿ ಭಾವನ ದನಿ ತೆಗೆದು ಅಕ್ಕನನ್ನು ನಗಿಸುವುದು, ಸದ್ಯಕ್ಕೆ ಅವನ ಉದ್ಯೋಗ ಇಷ್ಟೇ.

"ನಾನು ಹೇಳಬಾರದು ಭಾವ. ಅಕ್ಕ ಬೈತಾಳೆ."

"ಹೇಳೋ."

"ಫೋಟೊ ತೆಗೆದ್ರು ಅಂದ್ರೆ ಮುಗೀತು. ಮೆಟ್ಟಿಲ ಮೇಲಿಂದ ಬೀಳಿಸ್ತಾರೆ. ಅದೂ ನಿಮ್ಮನ್ನಲ್ಲ, ಡ್ಯೂಪನ್ನ. ನೀವು ಕೆಳಗೆ ಬಿದ್ದಿರೋದಷ್ಟೇ."

"ನಿರ್ದೇಶಕರನ್ನ ಕೇಳಿಬಿಡ್ಲಾ?"

"ಕೇಳಿ. ಕಾಲು ಹಿಡಿದ ಅಂತ ನಾಳೆ ಊಟದ ಹೊತ್ತಲ್ಲಿ ಹೇಳ್ಕೊಂಡು ನಗ್ಲಿ. ನಿಮ್ಮ ಜಾಗದಲ್ಲಿ ನಾನಿದ್ದಿದ್ರೆ..."

"ಇದ್ದಿದ್ರೆ?"

"ಬಿಡಿ ಭಾವ. ಆ ಅದೃಷ್ಟ ನನಗೆಲ್ಲಿ."

ಗಡ್ಡದ ಮಾವ ಕನ್ನಡಿ ನೋಡಿದ. ಇಪ್ಪತ್ತು ವರ್ಷ ಇವರು ಹೇಳಿದ ಕಡೆ ಬಿದ್ದಿದ್ದ, ಹೇಳಿದ ಹೊತ್ತಿಗೆ ಕಣ್ಣು ಮುಚ್ಚಿದ್ದ. ಈ ಸಲ ಹೆಣಕ್ಕೆ ಮುಖ ಕೊಡುವುದಿಲ್ಲ. ಕತ್ತರಿ ಎತ್ತಿಕೊಂಡ.

ಭಾವಮೈದ ತಡೆಯಲಿಲ್ಲ. ಬಿಸಿನೀರು ತಂದ. ರೇಜರಿಗೆ ಹೊಸ ಬ್ಲೇಡು ಹಾಕಿಕೊಟ್ಟ. "ಕಿವಿ ಹತ್ರ ಚೂರು ಉಳಿದಿದೆ ಭಾವ," ಎಂದು ಬೆರಳಿಟ್ಟು ತೋರಿಸಿದ.

ನುಣ್ಣಗಿನ ಮುಖ ಹೊತ್ತು ಅವನು ಸೆಟ್ಟಿಗೆ ಹೋದಾಗ ಕ್ಯಾಮೆರಾದವನು ಮೊದಲು ನೋಡಿದ, ಆಮೇಲೆ ನಿರ್ದೇಶಕರು.

"ಇನ್ನು ಯಾರನ್ನ ಕೊಲ್ತೀರೋ ಕೊಲ್ಲಿ ಸಾರ್. ನಾನು ಸತ್ತಾಯ್ತು."

ನಿರ್ದೇಶಕರು ಕುರ್ಚಿ ಹುಡುಕಿ ಕೂತರು. "ಕೊಲ್ಲೋದಾ? ಮುಂದಿನ ಆರು ತಿಂಗಳು ಕಥೆನೇ ನಿಮ್ಮದು ಕಣ್ರೀ. ಮಾಡದ ತಪ್ಪಿಗೆ ಜೈಲು. ಜೈಲಿನ ಬಟ್ಟೆಗೆ ಅಳತೆ ಯಾಕೆ? ಪೋಸ್ಟರಿಗೆ ಅಂತ ಫೋಟೊನೂ ತೆಗೆದಾಯ್ತು."

"ನನಗೆ ಯಾರೂ ಹೇಳ್ಲಿಲ್ಲ."

"ಹೋದ ವಾರ ನಾನೇ ಫೋನ್ ಮಾಡಿ ಎಲ್ಲಾ ಹೇಳಿದೆ. ಗಡ್ಡಕ್ಕೆ ಕತ್ತರಿ ತಾಗಿಸಬೇಡಿ ಅಂದೆ. ನಿಮ್ಮದೇ ದನಿ. 'ಆಗ್ಲಿ ಸಾರ್' ಅಂದ್ರಿ."

ಅಂಥ ಫೋನು ಅವನು ಎತ್ತಿರಲಿಲ್ಲ. ಬಾಯಿ ತೆರೆಯುವಷ್ಟರಲ್ಲಿ ನಿರ್ದೇಶಕರ ಕಣ್ಣು ಅವನನ್ನು ದಾಟಿ ಬಾಗಿಲಲ್ಲಿ ನಿಂತಿದ್ದ ಭಾವಮೈದನ ಕಡೆಗೆ ಹೋಗಿತ್ತು.

ಮುಂದಿನ ಸೋಮವಾರದಿಂದ ಗಡ್ಡದ ಮಾವನ ಪಾತ್ರವನ್ನು ಭಾವಮೈದ ವಹಿಸಿದ.